ಯಾರೂ ಮುಟ್ಟದೆ ಬಿದ್ದ ಬಾಕ್ಸರ್

ಈಡನ್‌ಡೇಲ್, ಲಾಸ್ ಏಂಜಲೀಸ್
ಮಾರ್ಚ್ 9, 1919

ಪ್ರೀತಿಯ ಥೀಯಾ,

ಮೊದಲೇ ಹೇಳಿಬಿಡುತ್ತೇನೆ, ಹೆದರಬೇಡ. ಈಗ ನನಗೆ ಯಾರೂ ಹೊಡೆಯುವುದಿಲ್ಲ. ನನ್ನ ಮುಖ ಊದಿಕೊಳ್ಳುವುದನ್ನು ನೋಡಲಾರೆನೆಂದು ನೀನು ಸ್ಟಾಕ್ಟನ್ನಿಗೆ, ಅಕ್ಕನ ಮನೆಗೆ ಹೋದೆಯಲ್ಲ. ಆಮೇಲೆ ಬಾಕ್ಸಿಂಗೂ ನನ್ನನ್ನು ಬಿಟ್ಟಿತು. ಈಗ ನಗೆಚಿತ್ರಗಳಲ್ಲಿ ದೈತ್ಯ ಬಾಕ್ಸರನ ಪಾತ್ರ ಮಾಡುತ್ತೇನೆ. ಪರ್ಸಿ ಡಾಬ್ಸ್ ಎಂಬ ಕಡ್ಡಿಯಂಥ ಮನುಷ್ಯ ನನ್ನ ಎದುರಾಳಿ. ಅವನ ಬೂಟಿಗೆ ಸೋಪು ಹಚ್ಚಿರುತ್ತಾರೆ. ನಾನು ಹೊಡೆಯಲು ಹೋದಾಗಲೆಲ್ಲ ಅವನು ಜಾರಿ ನನ್ನ ಕಾಲ ಸಂದಿಯಲ್ಲಿ ನುಸುಳುತ್ತಾನೆ. ನಾನು ಗಾಳಿಗೆ ಗುದ್ದಿ, ಬುಗುರಿಯಂತೆ ತಿರುಗಿ ಬೀಳುತ್ತೇನೆ.

ಮಂಗಳವಾರ ಹಾಗೆ ಜಾರುವಾಗ ಪರ್ಸಿಯ ಮೊಣಕೈ ನಿಜವಾಗಿಯೇ ನನ್ನ ದವಡೆಗೆ ಬಡಿಯಿತು. ಆಮೇಲೆ ನಾನು ಯೋಚಿಸಲಿಲ್ಲ, ಥೀಯಾ, ಕೈಗಳೇ ಯೋಚಿಸಿದವು. ಎಡಗೈ ಮೇಲೆದ್ದಿತು, ಬಲಗೈ ಹೊರಟಿತು. ಅವನ ಕಣ್ಣಲ್ಲಿ ನಟನೆ ಇರಲಿಲ್ಲ. ಮುಷ್ಟಿ ಅವನ ಮೂಗಿನ ಹತ್ತಿರ ಹೇಗೆ ನಿಂತಿತೋ ತಿಳಿಯದು. ನನಗೆ ನನ್ನ ಮೇಲೇ ಭಯವಾಗಿ, ಯಾರೂ ಮುಟ್ಟದೆಯೇ ಕುಸಿದುಬಿದ್ದೆ.

ಕ್ಯಾಮೆರಾದವನು ಕೂಡ ನಕ್ಕುಬಿಟ್ಟ. "ಏ ಎಮಿಲ್, ಇದನ್ನ ಇಷ್ಟು ದಿನ ಎಲ್ಲಿ ಬಚ್ಚಿಟ್ಟಿದ್ಯೋ? ಇದೇ ಇರ್ಲಿ" ಎಂದರು ನಿರ್ದೇಶಕ ಕ್ರೇಗ್. ಪರ್ಸಿ ಮಾತ್ರ ಪಕ್ಕದಲ್ಲಿ ಕೂತು ಮೆಲ್ಲಗೆ, "ನೀನು ಹೊಡೀಲಿಲ್ವಲ್ಲ, ದೊಡ್ಡ ಉಪಕಾರ ಆಯ್ತಣ್ಣ. ಮನೇಲಿ ಹೆಂಡ್ತಿ ಕಾಯ್ತಿರ್ತಾಳೆ" ಎಂದ.

ಕೆಲಸ ಮುಗಿದ ಮೇಲೆ ಎಲ್ಲರೂ ಮುಖ ತೊಳೆದುಕೊಂಡು ಮನೆಗೆ ಹೋಗುತ್ತಾರೆ. ನಾನು ಕಣ್ಣಿನ ಸುತ್ತ ಬಳಿದ ಕಪ್ಪನ್ನು ಹಾಗೇ ಬಿಟ್ಟುಕೊಂಡು ಟ್ರಾಮ್ ಹತ್ತುತ್ತೇನೆ. ಹೋಟೆಲಿನಲ್ಲಿ ಬೀನ್ಸ್ ಬಡಿಸುವ ಹೆಂಗಸು, "ಅಯ್ಯೋ, ಯಾರಪ್ಪಾ ಹಿಂಗೆ ಹೊಡೆದೋರು? ನೋಯ್ತಿದೆಯಾ?" ಎಂದು ಕೇಳುತ್ತಾಳೆ. ಅದು ಬಣ್ಣವೆಂದು ನಾನು ಹೇಳುವುದಿಲ್ಲ. ನನ್ನನ್ನು ಯಾರಾದರೂ ವಿಚಾರಿಸುವುದು ಅಲ್ಲಿ ಮಾತ್ರ.

ಚಿತ್ರ ಮುಂದಿನ ತಿಂಗಳು ನಿಮ್ಮೂರಿಗೂ ಬರುತ್ತದಂತೆ. ಅಕ್ಕನ ಮಕ್ಕಳನ್ನು ಕರೆದುಕೊಂಡು ಹೋಗು. ನಕ್ಕು ನಕ್ಕು ಸುಸ್ತಾಗುತ್ತಾರೆ.

ನಿನ್ನವನೇ ಆದ,
ಎಮಿಲ್

ಇನ್ನೊಂದು ಮಾತು: ನಾನು ಬಿದ್ದುಕೊಂಡಿದ್ದಾಗ ಕ್ರೇಗ್, "ತುಟಿ ಆಡಿಸ್ತಾ ಇರು, ಬೈಕೋ, ಹೆಂಗಿದ್ರೂ ಪರದೆ ಮೇಲೆ ಮಾತು ಯಾರಿಗೂ ಕೇಳ್ಸಲ್ಲ" ಎಂದು ಕೂಗಿದ್ದರು. ನಾನು ಬೈಯಲಿಲ್ಲ. ಈ ಕಾಗದದಲ್ಲಿ ಬರೆಯಲು ಧೈರ್ಯ ಸಾಲದ್ದನ್ನು ಅಲ್ಲಿ ನಿನಗೆ ಹೇಳಿದ್ದೇನೆ. ಕಿವಿ ಕೇಳಿಸದಿದ್ದರೇನು, ನನ್ನ ತುಟಿ ಓದುವುದರಲ್ಲಿ ನೀನು ಯಾವತ್ತೂ ತಪ್ಪಿದವಳಲ್ಲ. ಎಲ್ಲರೂ ನಗುವಾಗ ನೀನು ನನ್ನ ಬಾಯಿಯನ್ನೇ ನೋಡು.