ಕತ್ತೆತ್ತಿದ ಸಕ್ಕರೆ

ಚಿಂತಾಮಣಿ, ಜುಲೈ 15, ಮಂಗಳವಾರ

ಒಂದು ವಾರದಿಂದ ‘ಅನೋಮೆರಿಕ್’ ಎಂಬ ಪದ ಹಲ್ಲಿಗೆ ಸಿಕ್ಕಿಕೊಂಡ ಮಾವಿನ ನಾರಿನ ಹಾಗೆ ಕಾಡುತ್ತಿತ್ತು. ಸಕ್ಕರೆಗಳ ಪಾಠ ಮಾಡುವಾಗ ಲಾವಣ್ಯ ಎದ್ದು ಅದರ ಅರ್ಥ ಕೇಳಿದ್ದಳು. ನಾನು ಪುಸ್ತಕದ ಇಂಗ್ಲಿಷ್ ಸಾಲನ್ನೇ ಇನ್ನೊಮ್ಮೆ ಓದಿದೆ. “ಬಿಡಿ ಮೇಡಂ, ನಾನು ಕೆಮಿಸ್ಟ್ರಿ ಬಿಟ್ಟು ಆರ್ಟ್ಸ್‌ಗೆ ಹೋಗ್ತೀನಿ” ಅಂದಳು. ತಮಾಷೆಗೆ ಹೇಳಿದ್ದಲ್ಲ.

ಭಾನುವಾರ ಜಂಗಮಕೋಟೆಗೆ ಹೋದಾಗ ಅಮ್ಮನ ಹುಳುಮನೆಗೆ ಹೊಕ್ಕೆ. ರೇಷ್ಮೆಹುಳುಗಳೆಲ್ಲ ಪೊರೆ ಬಿಡಲು ತಲೆ ಎತ್ತಿಕೊಂಡು ಅಲ್ಲಾಡದೆ ಕೂತಿದ್ದವು.

“ಜ್ವರಕ್ಕೆ ಕೂತವೆ, ಸೊಪ್ಪು ಹಾಕ್ಬೇಡ ಕಣೇ” ಅಂದಳು ಅಮ್ಮ. ಪೊರೆ ಬಿಡುವುದಕ್ಕೆ ಅವಳು ಜ್ವರ ಅನ್ನುತ್ತಾಳೆ.

ಸೊಪ್ಪು ಹಿಡಿದುಕೊಂಡೇ ನಿಂತುಬಿಟ್ಟೆ. ಅದೇ ಹುಳು, ಅದೇ ಮೈ. ತಿನ್ನುವಾಗ ತಲೆ ಕೆಳಗೆ, ಈಗ ಮೇಲೆ; ಕತ್ತಿನಿಂದಾಚೆ ಮಾತ್ರ ಬೇರೆ.

ಇವತ್ತು ಬೋರ್ಡಿನ ಮೇಲೆ ಗ್ಲೂಕೋಸಿನ ಉಂಗುರ ಬರೆದು, ಮೊದಲನೇ ಕಾರ್ಬನ್ನಿನ ಓಎಚ್ ಇರುವಲ್ಲಿ ಹುಳುವಿನ ತಲೆ ಬರೆದೆ. ತಲೆ ಕೆಳಗಿದ್ದರೆ ಆಲ್ಫಾ ಗ್ಲೂಕೋಸ್, ಮೇಲಿದ್ದರೆ ಬೀಟಾ, ಉಳಿದದ್ದೆಲ್ಲ ಒಂದೇ ಅಂದೆ. ತರಗತಿ ನಕ್ಕಿತು. ಲಾವಣ್ಯ ಮಾತ್ರ ನಗಲಿಲ್ಲ.

“ಹಂಗಾದ್ರೆ ಅನೋಮೆರಿಕ್ ಅನ್ನೋದು ಇಡೀ ಹುಳಕ್ಕಲ್ಲ, ಕತ್ತು ತಿರುಗೋ ಆ ಒಂದು ಕಾರ್ಬನ್ನಿಗೆ ಅಲ್ವಾ ಮೇಡಂ?”

ಅದನ್ನು ನಾನಿನ್ನೂ ಹೇಳಿಯೇ ಇರಲಿಲ್ಲ. ಪುಸ್ತಕ ಮುಚ್ಚಿಟ್ಟೆ. ಅವಳು ಆರ್ಟ್ಸ್ ಸುದ್ದಿ ಎತ್ತದೆ ಪುಟದ ತುಂಬ ಕತ್ತೆತ್ತಿದ ಹುಳು ಬರೆಯುತ್ತಿದ್ದಳು. ನನ್ನ ಖುಷಿ ಇನ್ನೂ ಇಳಿದಿಲ್ಲ.

ಸಂಜೆ ಫೋನಿನಲ್ಲಿ ಅಮ್ಮನಿಗೆ ಎಲ್ಲ ಹೇಳಿದೆ. “ಪಾಠ ಇರ್ಲಿ, ಹುಳ ಜ್ವರ ಎದ್ದವೆ, ಎಲ್ಲಾ ತಲೆ ಬಗ್ಗಿಸ್ಕೊಂಡು ತಿಂತಾವೆ” ಅಂದಳು.

ಹಾಗಾದರೆ ಈಗ ಹುಳುಮನೆ ತುಂಬ ಆಲ್ಫಾ.