ಮುಟ್ಟಾಳೆ ತೂಗುಹಾಕಿದ ಮನೆ

ದೇರೆಬೈಲು, ಮಂಗಳೂರು
೧೨ ಜನವರಿ ೧೯೩೯

ಮುದ್ದುವಿನ ಅಪ್ಪನವರಿಗೆ ದೇಯಿ ಮಾಡುವ ನಮಸ್ಕಾರ.

ಹೇಗಿದ್ದೀರಿ? ಬೊಂಬಾಯಿಯ ನೀರಿಗೆ ಹಿಡಿದ ಕೆಮ್ಮು ಬಿಟ್ಟಿತೇ? ಸ್ಟುಡಿಯೋದಲ್ಲಿ ಬಣ್ಣದ ಡಬ್ಬಿಗಳ ನಡುವೆಯೇ ಮಲಗುತ್ತೀರಂತೆ, ಓದಿ ನನಗೆ ಸಿಟ್ಟೇ ಬಂತು. ಊರವರ ಮದುವೆ ಚಪ್ಪರ ಸಿಂಗರಿಸಿ, ನಾಟಕ ಕಂಪೆನಿಗೆ ಅರಮನೆ ಕಟ್ಟಿಕೊಟ್ಟು, ಈಗ ಸಿನೆಮಾದವರಿಗೆ ಮನೆ ಮೇಲೆ ಮನೆ ಸಜ್ಜು ಮಾಡುವ ಮನುಷ್ಯನಿಗೆ ತನ್ನದೆಂಬ ಒಂದು ಕೋಣೆ ಇಲ್ಲ ಎಂದರೆ ಯಾರಾದರೂ ನಂಬುತ್ತಾರೆಯೇ? ನಾವಿಲ್ಲಿ ಸುಖವಾಗಿದ್ದೇವೆ. ಹಾಗೆ ಬರೆಯಬೇಕಲ್ಲ, ಬರೆದೆ. ಬಾಗಿಲಿಗೆ ಯಾರು ಬಂದರೂ ಮುದ್ದು "ಅಪ್ಪನಾ?" ಎಂದು ಕೇಳುತ್ತಾಳೆ. ಮೊನ್ನೆ ಬಳೆ ಮಾರುವವನನ್ನು ಕಂಡೂ ಕೇಳಿದಳು. ನಗುತ್ತಾ ಒಳಗೆ ಹೋದವಳು ಅಲ್ಲಿ ಅತ್ತುಬಿಟ್ಟೆ.

ನಿಮ್ಮಲ್ಲಿಗೆ ಕಳಿಸಿ ಎಂದು ಎಷ್ಟು ಸಲ ಕೇಳಿದರೂ ನೋಣಯ್ಯ ಮಾವನದು ಒಂದೇ ಮಾತು. ನಿಮಗೆ ಗೊತ್ತಲ್ಲ, ನಮ್ಮಲ್ಲಿ ಅಮ್ಮನ ಅಣ್ಣ ಒಪ್ಪದೆ ಹೆಣ್ಣು ಹೊಸ್ತಿಲು ದಾಟುವಂತಿಲ್ಲ. "ಅವನಿಗೆ ಮನೆ ಉಂಟಾ? ಮನೆ ಇಲ್ಲದವನಲ್ಲಿಗೆ ನಮ್ಮ ಹುಡುಗಿಯನ್ನು ಕಳಿಸ್ಲಿಕ್ಕೆ ಇಲ್ಲ" ಎನ್ನುತ್ತಾರೆ.

ಶನಿವಾರ ಹಂಪನಕಟ್ಟೆಯ ಟಾಕೀಸಿಗೆ ನೀವು ಮನೆ ಸಜ್ಜು ಮಾಡಿದ್ದೇನೆಂದು ಕಾಗದದಲ್ಲಿ ತಿಳಿಸಿದ್ದ ಚಿತ್ರ ಬಂತು. ಮಾವನನ್ನು ಕಾಡಿ ಬೇಡಿ ಕರೆದುಕೊಂಡು ಹೋದೆ. ಅವರಿಗೆ ಅದು ಮೊದಲ ಸಿನೆಮಾ. ಹಿಂದಿ ಮಾತು ಇಬ್ಬರಿಗೂ ಒಂದಕ್ಷರ ತಿಳಿಯಲಿಲ್ಲ. ನಾನಂತೂ ಚಿತ್ರದ ನಾಯಕಿಯ ಮುಖವನ್ನೇ ನೋಡಲಿಲ್ಲ. ಕಿಟಕಿಯ ಪರದೆ, ಮೂಲೆಯ ಹೂಜಿ, ಮಡಚಿಟ್ಟ ಚಾಪೆ, ಎಲ್ಲ ನಿಮ್ಮ ಕೈ ಮುಟ್ಟಿದ್ದಲ್ಲವೇ, ಅವನ್ನೇ ನೋಡುತ್ತಿದ್ದೆ. ಅಷ್ಟರಲ್ಲಿ ಮಾವ ಎದ್ದು ನಿಂತರು. ಕಥೆಯ ಶ್ರೀಮಂತ ಸೇಟುವಿನ ಮನೆಯ ಗೂಟದಲ್ಲಿ ನಮ್ಮ ಗದ್ದೆಯವರು ತಲೆಗಿಡುವ ಅಡಿಕೆ ಹಾಳೆಯ ಮುಟ್ಟಾಳೆ! ನೀವು ಹೊರಟ ದಿನ ಮಾವನೇ ಕೊಟ್ಟದ್ದು. "ಏ ದೇಯಿ, ಇದು ನಿನ್ನ ಗಂಡನ ಮನೆ ಮಾರಾಯ್ತಿ! ಇಷ್ಟು ದೊಡ್ಡದು ಉಂಟು, ಅವ ಹೇಳಲೇ ಇಲ್ಲ!" ಹಿಂದಿನವರು ಕೂತುಕೊಳ್ಳಿ ಎಂದು ಬೊಬ್ಬೆ ಹಾಕಿದರು. ಸೇಟುಗಳ ಮನೆಯಲ್ಲಿ ಮುಟ್ಟಾಳೆ ಇರುತ್ತದೆಯೇ? ಊರಿನ ನೆನಪು ತಡೆಯಲಾರದೆ ತೂಗುಹಾಕಿದ್ದೀರಿ ಎಂದು ನನಗೆ ತಿಳಿಯಿತು. ಕಣ್ಣಲ್ಲಿ ನೀರು ತುಂಬಿ ಮುಂದಿನ ಕಥೆ ನೋಡಲಾಗಲಿಲ್ಲ.

ದಾರಿಯುದ್ದಕ್ಕೂ ಮಾವ ಆ ಮನೆಯ ಕಂಬಗಳನ್ನೇ ಹೊಗಳಿದರು. ಬಂದವರೇ ಅಮ್ಮನಿಗೆ, "ಇನ್ನು ಇವಳನ್ನು ಕಳಿಸುವ" ಎಂದರು. ಅದು ಬರೀ ಹಲಗೆ, ಬಟ್ಟೆ, ಬಣ್ಣ ಎಂದು ಹೇಳಲು ಬಾಯಿ ತೆರೆದೆ. ಆಮೇಲೆ ಮುಚ್ಚಿದೆ. ಬೈಯುವುದಾದರೆ ಎದುರಿಗೆ ನಿಂತು ಬೈಯಿರಿ, ನಿಮ್ಮ ದನಿ ಕೇಳಿದರೆ ಸಾಕು ಎನಿಸಿದೆ. ಬರುವ ವಾರದ ಹಡಗಿನಲ್ಲಿ ಹೊರಡುತ್ತೇವೆ.

ಅಮ್ಮ ಆಶೀರ್ವಾದ ತಿಳಿಸಿದ್ದಾರೆ. ಮುದ್ದು ಈ ಕಾಗದಕ್ಕೆ ಮುತ್ತು ಕೊಟ್ಟಿದ್ದಾಳೆ, ಶಾಯಿ ಹರಡಿದ್ದು ಅದಕ್ಕೇ.

ನಿಮ್ಮ ದಾರಿ ಕಾದು ಸಾಕಾದ
ದೇಯಿ

ಮರೆತಿದ್ದೆ: ಮಾವನೂ ನಮ್ಮ ಜೊತೆ ಬರುತ್ತಾರೆ. ಆ ಮನೆಯಲ್ಲಿ ನಾಲ್ಕು ದಿನ ಕೂತು ಹೋಗಬೇಕಂತೆ. ನೀವು ಅದನ್ನು ಎಂದೋ ಬಿಚ್ಚಿಹಾಕಿರಬೇಕು. ಬಂದರಿನಲ್ಲೇ ಅವರಿಗೆ ನಿಜ ಹೇಳಿಬಿಡಿ, ನನ್ನಿಂದ ಆಗುವುದಿಲ್ಲ. ಮಾವ ಸಿಟ್ಟಿನಲ್ಲಿ ಅದೇ ಹಡಗು ಹತ್ತಿ ಹಿಂದೆ ಹೋಗಬಹುದು. ನಾನೂ ಮುದ್ದುವೂ ಹತ್ತುವವರಲ್ಲ.