ಒಗೆಯುವ ಕಲ್ಲಾದ ಪ್ರಮೇಯ

ಚಂಗನಾಶೇರಿ
ಮೇ 29, 1993, ಶನಿವಾರ

ಮುದ್ದಿನ ಸಿಸಿಲಿಗೆ ಅಮ್ಮ ಬರೆಯುವುದು,

ಹೇಗಿದ್ದೀಯೆ? ಕೆಮ್ಮು ನಿಂತಿತೆ? ಕಲ್ಕತ್ತೆಯ ಸೆಕೆ ತಡೆಯಲಾಗದೆ ರಾತ್ರಿ ತಣ್ಣೀರು ಸುರಿದುಕೊಂಡು ಒದ್ದೆ ತಲೆಯಲ್ಲೇ ಮಲಗುತ್ತೇನೆ ಎಂದು ಹೋದ ಕಾಗದದಲ್ಲಿ ನೀನು ಬರೆದಿದ್ದೆ. ಆಯುಷ್ಯವೆಲ್ಲ ಆಸ್ಪತ್ರೆಯಲ್ಲಿ ನರ್ಸ್ ಆಗಿದ್ದವಳ ಮಗಳು ಬರೆಯುವ ಮಾತೇ ಇದು? ತಲೆ ಒರೆಸಿಕೊಂಡು ಮಲಗು. ಸಾಸಿವೆ ಎಣ್ಣೆಯ ಮೀನು ಈಗ ರುಚಿ ಎನಿಸುತ್ತಿದೆ ಎಂದೂ ಬರೆದಿದ್ದೆ. ಅದನ್ನು ಓದಿ ನನಗೆ ಕೆಮ್ಮಿಗಿಂತ ಹೆಚ್ಚು ಚಿಂತೆಯಾಯಿತು. ನಾನು ಚೆನ್ನಾಗಿದ್ದೇನೆ. ನಿನ್ನ ಅಪ್ಪನಿಗೆ ಬಲಗಾಲಿನ ಮಂಡಿ ನೋವು ಬಿಟ್ಟರೆ ಬೇರೇನೂ ಇಲ್ಲ. ಮಂಡಿಗೆ ಎಣ್ಣೆ ಹಚ್ಚುತ್ತೇನೆ, ಅವರು ಅದು ಒಣಗುವ ಮೊದಲೇ ಬಿಳಿ ಮುಂಡು ಉಟ್ಟು ಕೂರುತ್ತಾರೆ.

ಹೋದ ವಾರ ಕುಲಪತಿಗಳ ಬಂಗಲೆ ಖಾಲಿ ಮಾಡಿ ನಮ್ಮ ಮನೆಗೆ ಬಂದೆವು. ಕಾರು, ಡ್ರೈವರ್, ಬಾಗಿಲಲ್ಲಿ ಸಲಾಮು ಹೊಡೆಯುವವನು, ಎಲ್ಲ ಅಲ್ಲೇ ಉಳಿಯಿತು. ಮೊದಲ ದಿನ ಬೆಳಿಗ್ಗೆ ನಿನ್ನ ಅಪ್ಪ ಇಸ್ತ್ರಿ ಮಾಡಿದ ಅಂಗಿ ತೊಟ್ಟು ಗೇಟಿನ ಹತ್ತಿರ ಸುಮ್ಮನೆ ನಿಂತಿದ್ದರು. ಯಾರಿಗೆ ಕಾಯುತ್ತಿದ್ದೀರಿ ಎಂದೆ. ಯಾರಿಗೂ ಇಲ್ಲ ಎಂದು ಒಳಗೆ ಬಂದು ಪುಟ್ಟು ಕಡಲೆ ತಿಂದರು. ಎರಡನೆಯ ದಿನದಿಂದ ಹಳೆಯ ಅಂಗಿ. ಮನೆಗೆ ಗೆದ್ದಲು ಹಿಡಿದಿತ್ತು, ನಿನ್ನ ಮಂಚದ ಒಂದು ಕಾಲು ಹೋಗಿದೆ. ಬಡಗಿಗೆ ಹೇಳಿದ್ದೇನೆ.

ಈಗ ನಿನ್ನ ಅಪ್ಪನ ಬೀಳ್ಕೊಡುಗೆ ಸಮಾರಂಭದ ಸುದ್ದಿ. ಇದನ್ನು ನಾನೇ ಬರೆಯಬೇಕು, ಅವರು ಸತ್ತರೂ ಬರೆಯುವುದಿಲ್ಲ. ಸಭಾಂಗಣ ತುಂಬಿತ್ತು. ಕುರಿಯಾಕೋಸ್ ಮಾಷ್ ಅವರ ಜೀವನ ಮತ್ತು ಸಾಧನೆ ಎಂದು ಒಬ್ಬರಾದ ಮೇಲೆ ಒಬ್ಬರು ಮಾತಾಡಿದರು. ಎಲ್ಲರೂ ತಮಗೆ ತೋಚಿದ್ದನ್ನು ಹೇಳಿದರು. ಬಡತನದಲ್ಲಿ ಬೀದಿದೀಪದ ಕೆಳಗೆ ಓದಿದವರು ಎಂದರು ಒಬ್ಬರು. ಕುಟ್ಟನಾಡಿನ ಆ ಹಳ್ಳಿಯಲ್ಲಿ ಆಗ ಬೀದಿಯೇ ಇರಲಿಲ್ಲ, ಮನೆಯ ಮುಂದೆ ನೀರಿತ್ತು. ದೀಪ ಎಲ್ಲಿಂದ ಬರಬೇಕು? ನಿನ್ನ ಅಜ್ಜ ತೆಂಗಿನಕಾಯಿ ಸಾಗಿಸುವ ದೋಣಿ ನಡೆಸುತ್ತಿದ್ದರು. ದೋಣಿ ಕಟ್ಟುವ ಹಗ್ಗದ ಗಂಟು ನೋಡುತ್ತ ಕೂತಿದ್ದ ನಿನ್ನ ಅಪ್ಪ ಬೆಳೆದು ಗಂಟುಗಳ ಗಣಿತವನ್ನೇ ಹಿಡಿದುಕೊಂಡರು. ಮದುವೆಯಾದ ಹೊಸದರಲ್ಲಿ ಅದೇನು ಎಂದು ನಾನು ಕೇಳಿದ್ದೆ. "ತುದಿ ಸೇರಿಸಿದ ಎರಡು ಗಂಟು ಇವೆ ಅನ್ನು. ನೋಡೋಕೆ ಬೇರೆ ಬೇರೆ. ಹಗ್ಗ ಕತ್ತರಿಸ್ದೆ, ಎಳೆದು ಜಗ್ಗಿ, ಒಂದನ್ನ ಇನ್ನೊಂದು ಮಾಡೋಕಾಗುತ್ತೋ ಇಲ್ವೋ, ಅದನ್ನ ಲೆಕ್ಕದಲ್ಲಿ ಹೇಳೋದು" ಎಂದರು. ಇದಕ್ಕೆ ಸಂಬಳ ಕೊಡ್ತಾರಾ ಎಂದು ಕೇಳಿದೆ. ಕೊಟ್ಟರು. ಅವರ ಪ್ರಮೇಯ ಹೊರದೇಶಗಳವರೆಗೆ ಹೋಯಿತು, ಅವರ ಹೆಸರಿನಲ್ಲೇ ಕರೆಯಲಾರಂಭಿಸಿದರು. ಅದರ ಮೇಲೆ ಪ್ರೊಫೆಸರ್ ಆದರು, ವಿಭಾಗದ ಮುಖ್ಯಸ್ಥರಾದರು, ಕೊನೆಗೆ ಕುಲಪತಿಯೂ ಆದರು. ನಮ್ಮ ಅನ್ನ, ನಿನ್ನ ಓದು, ಈ ಮನೆ, ಎಲ್ಲ ಆ ಗಂಟಿನಿಂದ ಬಂದದ್ದೇ.

ಒಳ್ಳೆಯ ಕುಲಪತಿ ಆಗಿದ್ದರು ಎಂಬುದನ್ನು ಮಾತ್ರ ಭಾಷಣದವರು ಸರಿಯಾಗಿ ಹೇಳಿದರು. ಪರೀಕ್ಷೆಯ ಗಲಾಟೆಯಲ್ಲಿ ಹುಡುಗರು ಅವರ ಕೋಣೆಗೆ ಮುತ್ತಿಗೆ ಹಾಕಿದ್ದು ನಿನಗೆ ಬರೆದಿದ್ದೆನಲ್ಲ. ಪೊಲೀಸರನ್ನು ಕರೆಸಿ ಎಂದು ಎಲ್ಲರೂ ಹೇಳುತ್ತಿದ್ದಾಗ ಇವರು ಪ್ರಶ್ನೆಪತ್ರಿಕೆ ತರಿಸಿಕೊಂಡು, ನೆಲದ ಮೇಲೆ ಹುಡುಗರ ನಡುವೆ ಕೂತು ಲೆಕ್ಕ ಮಾಡಿದರು. ಪ್ರಶ್ನೆಯೇ ತಪ್ಪಾಗಿತ್ತು. "ತಪ್ಪು ನಮ್ದು. ಎಲ್ರಿಗೂ ಪೂರ್ತಿ ಅಂಕ" ಎಂದು ಎದ್ದು ಬಂದರು. ಎಂಥ ಕೆಲಸವಿದ್ದರೂ ಗುರುವಾರ ಸಂಜೆಯ ಗಣಿತದ ಕೂಟ ಬಿಡಲಿಲ್ಲ. ಬಂಗಲೆಯ ಜಗುಲಿಯಲ್ಲೇ ಬೋರ್ಡು ನಿಲ್ಲಿಸಿದ್ದರು. ಕಾನೂನು ಹಳೆಯದೇ: ಸಂದೇಹ ಬಂದವರು ಎದ್ದು ನಿಲ್ಲಬೇಕು, ಉತ್ತರ ಸಿಗುವ ತನಕ ಅವರನ್ನು ಕೂರಿಸಬಾರದು. "ಸಂದೇಹ ಇದ್ದೋರು ನಿಂತಿದ್ರೆ ಬೋರ್ಡ್ ಹತ್ರ ಇರೋನಿಗೆ ನಾಚಿಕೆ ಇರುತ್ತೆ" ಎನ್ನುತ್ತಿದ್ದರು. ನೀನು ಲಂಗ ಹಾಕುವ ವಯಸ್ಸಿನಲ್ಲಿ ಒಮ್ಮೆ ಹಾಗೆ ಎದ್ದು ನಿಂತವಳು, ನಾನು ಕರಿದ ಪಳಂಪೊರಿ ಆರಿ ತಣ್ಣಗಾದರೂ ಕೂರಲಿಲ್ಲ. ಬಾಳೆಹಣ್ಣಿನ ಆ ತಿಂಡಿ ಬಿಸಿ ಇಲ್ಲದಿದ್ದರೆ ಮುಟ್ಟದವಳು ನೀನು. ಅಂದು ಅವರು ಎಷ್ಟು ಹಿಗ್ಗಿದ್ದರು ಎಂದು ನಾನು ಕಂಡಿದ್ದೇನೆ.

ಅದಕ್ಕೇ ಮದ್ರಾಸಿನ ಗಣಿತ ಸಮ್ಮೇಳನದಲ್ಲಿ ಆದದ್ದರಿಂದ ನಿನಗೆ ಅಷ್ಟು ನೋವಾಯಿತು ಎಂದು ನನಗೆ ಗೊತ್ತು. ಅವರು ಬೋರ್ಡಿನ ಮೇಲೆ ತಮ್ಮ ಪ್ರಮೇಯದ ಸಾಧನೆ ಬರೆಯುತ್ತಿದ್ದಾಗ ನೀನು ಎದ್ದು, "ಇದು ಸ್ಪಷ್ಟ ಅಂತ ಬರೆದಿದ್ದೀರಲ್ಲ, ನನಗೆ ಸ್ಪಷ್ಟ ಆಗ್ಲಿಲ್ಲ" ಎಂದೆ. ಅವರು, "ಕೂತ್ಕೊ ಮಗಳೇ, ಮನೇಲಿ ಹೇಳಿಕೊಡ್ತೀನಿ" ಎಂದರು. ಸಭೆ ನಕ್ಕಿತು. ಅಲ್ಲಿಂದ ನೀನು ನೇರವಾಗಿ ಕಲ್ಕತ್ತೆಯ ಗಾಡಿ ಹತ್ತಿದೆ. ಎರಡು ಕ್ರಿಸ್‌ಮಸ್ ಹೋದವು, ಮನೆಗೆ ಬರಲಿಲ್ಲ. ನನಗೆ ಬರೆಯುವ ಕಾಗದಗಳ ಕೊನೆಯಲ್ಲಿ ಅಪ್ಪನಿಗೆ ನಮಸ್ಕಾರ ಎಂದು ಬರೆಯುತ್ತೀಯೆ. ಅದನ್ನು ಓದಿ ಹೇಳಿದರೆ ಅವರು ಹೂಂ ಎನ್ನುತ್ತಾರೆ. ಇಬ್ಬರ ನಡುವೆ ನಾನು ಅಂಚೆಪೇದೆ.

ಗಣಿತದವರಿಗೆ ಆ ಒಂದು ಮಾತಿನ ಚಟವಿದೆ ನೋಡು, ಇದು ಸ್ಪಷ್ಟ. ಅನ್ನ ಬೆಂದಿದೆಯೋ ಇಲ್ಲವೋ ಎಂದು ಕೇಳಿದರೂ ಮುಚ್ಚಳ ತೆಗೆಯದೆ ಸ್ಪಷ್ಟ ಎನ್ನುವ ಮನುಷ್ಯ ನಿನ್ನ ಅಪ್ಪ. ಮದ್ರಾಸಿನಿಂದ ಬಂದವರು ಮೊದಲು, ಹುಡುಗಿಗೆ ಆತುರ ಎಂದರು. ಆಮೇಲೆ ಬೆಳಗಿನ ಜಾವ ಎದ್ದು ಬರೆಯುವುದು, ಹರಿಯುವುದು ಶುರುವಾಯಿತು. ಮನೆಯಲ್ಲಿ ದಾರ, ಲಾಡಿ ಒಂದೂ ಗಂಟಿಲ್ಲದೆ ಉಳಿಯಲಿಲ್ಲ. ಒಂದು ದಿನ ಬಂಗಲೆಯ ಬಾವಿಯ ಹಗ್ಗವನ್ನೇ ಬಿಚ್ಚಿಕೊಂಡು ಕೂತು, ತಿರುಗಿ ಸರಿಯಾಗಿ ಕಟ್ಟದೆ, ಕೊಡ ಬಾವಿಯ ಪಾಲಾಯಿತು. ದೋಣಿಯವನ ಮಗನಿಗೆ ಗಂಟು ಹಾಕಲು ಬರುವುದಿಲ್ಲವೇ ಎಂದು ರೇಗಿದೆ. ಅವರು ನನ್ನನ್ನು ನೋಡಿ, "ಬರಲ್ಲ ತ್ರೇಸ್ಯೇ, ಆ ಒಂದು ಗಂಟು ನಂಗೆ ಬರ್ತಾ ಇಲ್ಲ" ಎಂದರು. ನನಗೆ ಕೊಡದ ಚಿಂತೆ ಅಲ್ಲಿಗೇ ಹೋಯಿತು.

ಸಮಾರಂಭಕ್ಕೆ ಬರುತ್ತೇನೆ. ಗಣಿತ ವಿಭಾಗದ ಹೊಸ ಕಟ್ಟಡದ ಬಾಗಿಲಲ್ಲಿ ನಿಲ್ಲಿಸಲೆಂದು ಕರಿಕಲ್ಲಿನ ಮೇಲೆ ಅವರ ಪ್ರಮೇಯವನ್ನು ಕೆತ್ತಿಸಿದ್ದರು. ಇವರಿಗೆ ಹೇಳದೆ ಮಾಡಿದ ಕೆಲಸ. ಭಾಷಣಗಳು ಮುಗಿದ ಮೇಲೆ ವೇದಿಕೆಯ ಮೇಲೆ ಪರದೆ ಹಾಕಿಟ್ಟ ಕಲ್ಲಿನ ಮುಂದೆ ಇವರನ್ನು ನಿಲ್ಲಿಸಿ, ಪರದೆಯ ಹಗ್ಗವನ್ನು ಕೈಗೆ ಕೊಟ್ಟರು. ಏನು ಕೆತ್ತಿದೆ ಎಂದು ಇವರು ಕೇಳಿದರು. ರಿಜಿಸ್ಟ್ರಾರ್ ನಾಣು ಪಿಳ್ಳೆ ಕಿವಿಯಲ್ಲಿ ಹೇಳಿದರು. ನಿನ್ನ ಅಪ್ಪ ಹಗ್ಗ ಎಳೆಯಲಿಲ್ಲ. ಅದನ್ನು ಕೈಯಲ್ಲಿ ಹಿಡಿದುಕೊಂಡೇ ಮೈಕಿನ ಹತ್ತಿರ ಹೋದರು.

"ಈ ಪ್ರಮೇಯ ಸುಳ್ಳು ಅಂತ ನಾನು ಹೇಳ್ತಿಲ್ಲ. ನಿಜ ಅಂತ ಕಲ್ಲಲ್ಲಿ ಕೆತ್ತೋ ಹಕ್ಕು ನನಗಿಲ್ಲ. ಒಂದು ಕಡೆ ಇದು ಸ್ಪಷ್ಟ ಅಂತ ಬರೆದು ದಾಟಿಬಿಟ್ಟಿದ್ದೀನಿ. ಇಷ್ಟು ವರ್ಷ ಯಾರೂ ಕೇಳಲಿಲ್ಲ. ಮದ್ರಾಸಲ್ಲಿ ಒಬ್ಬಳು ಎದ್ದು ಕೇಳಿದ್ಲು, ನನ್ನ ಮಗಳು ಸಿಸಿಲಿ. ನನಗೆ ಉತ್ತರ ಗೊತ್ತಿರಲಿಲ್ಲ. ಅದಕ್ಕೇ ಕೂತ್ಕೊ ಅಂದೆ. ಅವತ್ತು ಸಭೆ ನಕ್ಕಿದ್ದು ಅವಳನ್ನ ನೋಡಿ. ನಗಬೇಕಾಗಿದ್ದು ನನ್ನನ್ನ." ಇಷ್ಟೇ ಹೇಳಿದ್ದು. ಯಾರೂ ನಗಲಿಲ್ಲ, ಚಪ್ಪಾಳೆಯನ್ನೂ ತಟ್ಟಲಿಲ್ಲ, ಎಲ್ಲಿ ನೋಡಬೇಕೆಂದು ತಿಳಿಯದೆ ಕೂತಿದ್ದರು. ನಾಣು ಪಿಳ್ಳೆ ಮಾತ್ರ, "ಸಾರ್, ಕಲ್ಲು ಕೆತ್ತಿಸಿ ಆಯ್ತಲ್ಲ, ಈಗೇನು ಮಾಡ್ಲಿ" ಎಂದರು. ಮೈಕು ಹತ್ತಿರವಿತ್ತು, ಇಡೀ ಸಭೆಗೆ ಕೇಳಿಸಿತು. "ನಮ್ಮ ಮನೆಗೆ ಕಳಿಸಿ, ತ್ರೇಸ್ಯಾಮ್ಮ ಬಟ್ಟೆ ಒಗೆಯೋಕೆ ಕಲ್ಲು ಬೇಕು ಅಂತಿದ್ಲು" ಎಂದರು ಇವರು. ಆಗ ಸಭೆ ನಕ್ಕಿತು. ನಾನು ಮುಂದಿನ ಸಾಲಿನಲ್ಲಿ ಕೂತು ಸೆರಗಿನಿಂದ ಕಣ್ಣು ಒರೆಸಿಕೊಂಡೆ. ಅವರನ್ನು ಕಂಡು ನನಗೆ ಅಷ್ಟು ಹೆಮ್ಮೆ ಹಿಂದೆಂದೂ ಆಗಿರಲಿಲ್ಲ, ಕುಲಪತಿಯಾದ ದಿನವೂ ಆಗಿರಲಿಲ್ಲ.

ಕಲ್ಲು ನಿಜವಾಗಿಯೂ ಬಂದಿದೆ. ಕೆತ್ತಿದ ಮುಖ ಕೆಳಗೆ ಮಾಡಿ ಬಾವಿಯ ಪಕ್ಕ ಹಾಕಿಸಿದ್ದೇನೆ, ಅಳ್ಳಾಡದೆ ಚೆನ್ನಾಗಿ ಕೂತಿದೆ. ಅವರ ಬಿಳಿ ಮುಂಡುಗಳನ್ನು ಅದರ ಮೇಲೆಯೇ ಒಗೆಯುತ್ತೇನೆ. ಪ್ರಮೇಯ ಅಚ್ಚಾಗಿದ್ದ ಪತ್ರಿಕೆಗೂ ಬರೆದು ಕಳಿಸಿದ್ದಾರೆ, ಸಾಧನೆ ಇನ್ನೂ ಪೂರ್ತಿಯಾಗಿಲ್ಲ, ಆ ಕೊರತೆ ಕಂಡುಹಿಡಿದವರು ಇಂಥವರು ಎಂದು ನಿನ್ನ ಹೆಸರು ಹಾಕಿ. ನಿನಗೆ ಬರೆಯಿರಿ ಎಂದರೆ ಮಾತ್ರ, "ಏನಂತ ಬರೀಲಿ" ಎನ್ನುತ್ತಾರೆ. ನಾಲ್ಕು ದೇಶಗಳ ಪಂಡಿತರಿಗೆ ಬರೆಯಲು ಬರುವ ಮನುಷ್ಯನಿಗೆ ಮಗಳಿಗೆ ನಾಲ್ಕು ಸಾಲು ಬರೆಯಲು ಬರುವುದಿಲ್ಲ. ನಿನಗೂ ಬರುವುದಿಲ್ಲ, ಅಪ್ಪನ ಮಗಳೇ ನೀನು. ನನಗೆ ನಿನ್ನನ್ನು ನೋಡಬೇಕು. ಮಳೆ ಬಲಿಯುವ ಮೊದಲು ಒಮ್ಮೆ ಬಂದು ಹೋಗು. ಅವರೇ ಮೊದಲು ಕರೆಯಲಿ ಎಂದು ಕಾಯಬೇಡ.

ಹೊತ್ತಿಗೆ ಸರಿಯಾಗಿ ಊಟ ಮಾಡು, ಕೆಮ್ಮಿಗೆ ಔಷಧ ತಪ್ಪಿಸಬೇಡ. ದೇವಮಾತೆ ನಿನ್ನ ತಲೆ ಕಾಯಲಿ.

ನಿನ್ನ ಅಮ್ಮ,
ತ್ರೇಸ್ಯಾಮ್ಮ

ತಾ.ಕ.: ಲಕೋಟೆಗೆ ಅಂಟು ಹಚ್ಚುವಾಗ ನಿನ್ನ ಅಪ್ಪ ಸ್ಟೇಷನ್ನಿನಿಂದ ಬಂದರು. ಪೇಟೆಗೆ ಹೋಗಿ ಬರುತ್ತೇನೆ ಎಂದು ಹೋಗಿದ್ದವರು ಕಲ್ಕತ್ತೆಗೆ ಟಿಕೆಟ್ ಮಾಡಿಸಿಕೊಂಡು ಬಂದಿದ್ದಾರೆ, ಮುಂದಿನ ಶನಿವಾರದ ಗಾಡಿಗೆ. ಬುಧವಾರದ ನಿಮ್ಮ ಸಂಸ್ಥೆಯ ಗಣಿತದ ಕೂಟಕ್ಕೆ ಯಾರು ಬೇಕಾದರೂ ಬರಬಹುದಂತೆ. ಹಿಂದಿನ ಬೆಂಚಿನಲ್ಲಿ ಕೂರುತ್ತಾರಂತೆ, ನಿನ್ನಿಂದ ಹೇಳಿಸಿಕೊಳ್ಳಬೇಕಾದ ಸಂದೇಹ ಒಂದಿದೆಯಂತೆ. ನಿನಗೆ ತಿಳಿಸಬೇಡ ಎಂದಿದ್ದಾರೆ. ಅವರ ಜೊತೆ ತೆಂಗಿನೆಣ್ಣೆ ಕಳಿಸುತ್ತೇನೆ, ಇಳಿಸಿಕೊ. ಅವರು ಎದ್ದು ನಿಂತರೆ, ಮಂಡಿ ನೋವೆಂದು ನೋಡಬೇಡ. ಉತ್ತರ ಹೇಳಿ ಮುಗಿಸುವ ತನಕ ಕೂರಿಸಬೇಡ.